ಹಕ್ಕು ಉಳಿಸಿಕೊಂಡು

ತೊಂಬತ್ತೆಂಟರ ಆಷಾಢದ ಕೊನೆ, ಮಧ್ಯಾಹ್ನ ಮೂರು ಗಂಟೆ. ಪುಣೆಯ ಕೋರ್ಟಿನ ಬೆಂಚಿನ ಮೇಲೆ ನನ್ನ ಪಕ್ಕ ಒಬ್ಬ ಅಕ್ಕ, ಅವಳ ತಮ್ಮ ಕೂತಿದ್ದರು. ದೌಂಡದಲ್ಲಿ ಅವರ ಅಪ್ಪ ಇಬ್ಬರ ಹೆಸರಿಗೂ ಬರೆದಿಟ್ಟ ಮನೆಯಲ್ಲಿ ಪಾಲು ಕೇಳಿ ಹಾಕಿದ್ದ ಅರ್ಜಿಯನ್ನು ಅಕ್ಕ ಆಗಷ್ಟೇ ಹಿಂತೆಗೆದುಕೊಂಡಿದ್ದಳು.

“ಅರ್ಜಿ ತಗದಿ, ಛಲೋ ಆತು. ‘ಮುಂದ ಕೇಳೂ ಹಕ್ಕು ಉಳಿಸಿಕೊಂಡು’ ಅಂತ ಯಾಕ ಬರಿಸಿದಿ, ಅಕ್ಕಾ?”

“ಬೇಕಂತನ ಬರಿಸೀನಿ.”

“ನನ್ನ ಮ್ಯಾಲ ನಂಬಿಕಿ ಇಲ್ಲೇನ?”

“ಮೂರು ಪಂಚಮಿ ಹೋದುವು, ಸಿದ್ದು. ತವರಿಗೆ ಕರಿಯಾಕ ಬಂದಿಯೇನ?”

“ಕೋರ್ಟಿಗೆ ಎಳದಾಕಿನ್ನ ಉಂಡಿ ತಿನ್ನಾಕ ಕರೀಬೇಕಿತ್ತೇನ?”

“ಕರೀಬೇಕಿತ್ತು. ಓಣ್ಯಾಗ ಎಲ್ಲಾರ ಅಣ್ಣತಮ್ಮರೂ ಬಂದ್ರು. ನಾ ಸಂಜೀತನಾ ಬಾಗಲದಾಗ ನಿಂತಿದ್ದೆ.”

ಅಕ್ಕನೇ ಮತ್ತೆ ಕೇಳಿದಳು.

“ಅವ್ವನ ಜೋಕಾಲಿ ಹಗ್ಗ ಅದ ಇಲ್ಲೋ?”

“ಅದ. ನೀ ಹೋದಮ್ಯಾಲ ಯಾರೂ ಕಟ್ಟಿಲ್ಲ.”

“ವರ್ಷಾ ವರ್ಷಾ ಕರಿ. ಆ ಬರದದ್ದು ಹಾಳಿಮ್ಯಾಲನ ಇರ್ತದ.”

“ಕರೀಲಿಲ್ಲಂದ್ರ?”

“ಮತ್ತ ಕೇಸ ಹಾಕ್ತೀನಿ. ಮನೀ ಸಲುವಾಗಿ ಅಲ್ಲ.”

ಅವನು ನಕ್ಕು, ಅವಳ ಕೈಚೀಲ ಎತ್ತಿಕೊಂಡ.

“ನಡಿ. ಐದಕ್ಕ ದೌಂಡ ಗಾಡಿ ಅದ.”

“ಈಗನ?”

“ಹೂಂ, ಈಗನ.”

ಇಬ್ಬರೂ ಹೋದದ್ದು ಬುಧವಾರ. ಪಂಚಮಿಗೆ ಇನ್ನೂ ಆರು ದಿನ ಇತ್ತು.