ಕೋರ್ಟು ಏಳೋವರೆಗೆ

...ನಗು, ನಗಪ್ಪಾ ಬಿಂದೇಸರಿ! ಇವತ್ತಲ್ಲದೆ ಇನ್ಯಾವತ್ತು ನಗ್ತೀಯ? ಪುರಸಭೆ ಮುಖ್ಯಾಧಿಕಾರಿ ಈ ಅವಧೇಶ್ ದೂಬೆ, ನಿನ್ನಂಥ ಒಬ್ಬ ಮೀನು ಮಾರೋನ ಅರ್ಜಿಗೆ ಹೈಕೋರ್ಟಿನ ಮೂಲೇಲಿ ದಿನವಿಡೀ ಕೂತಿದ್ದ! 'ನ್ಯಾಯಾಂಗ ನಿಂದನೆ ಮಾಡಿದೀರಿ, ಕೋರ್ಟು ಏಳೋವರೆಗೆ ಇಲ್ಲೇ ಕೂತಿರಿ, ಅದೇ ಶಿಕ್ಷೆ'... ಬೆಳಿಗ್ಗೇನೇ ಅಂದುಬಿಟ್ರಲ್ಲ ಜಡ್ಜ್ ಸಾಹೇಬ್ರು! ಹೊಟ್ಟೆ ತಣ್ಣಗಾಯ್ತಾ?

ಏಯ್, ಎಲ್ಲಿಗೆ ಎದ್ದೆ? ಕೂತ್ಕೋ. ಊರಿನ ರೈಲಿಗಿನ್ನೂ ಹೊತ್ತಿದೆ. ಈ ಕೋರ್ಟು ಗೇಟಿನಂಗಡಿ ಚಹಾ ಕುಡಿ. ಕುಡಿ ಮಾರಾಯ, ವಿಷ ಹಾಕಿಲ್ಲ!

ಆ ಮರಿ ವಕೀಲರು ಕಿಸಿಕಿಸಿ ನಗ್ತಿದ್ರು. ಒಬ್ಬಳು ನನ್ನನ್ನೇ ಜವಾನ ಅಂದ್ಕೊಂಡು, 'ಚಾಚಾ, ಆ ಫೈಲ್ ಕೊಡಿ' ಅಂದ್ಲು. ಕೊಟ್ಟೆ! ಎದ್ದು ಹೋಗಿ ಕೊಟ್ಟೆ! ಅದನ್ನೂ ಕಣ್ತುಂಬ ನೋಡ್ದೆ ನೀನು. ಊಟಕ್ಕೂ ಏಳ್ಲಿಲ್ಲ, ಹಾಳಾದೋನು, ನನ್ನನ್ನೇ ನೋಡ್ತಾ ಕೂತಿದ್ದೆ. ಒಳ್ಳೇದೇ ಆಯ್ತು ಬಿಡು... ಏನಿಲ್ಲ. ಕುಡಿ, ಕುಡಿ.

ಆದ್ರೆ ಆಮೇಲೆ ಏನಂದ್ರು, ಅದು ಕಿವಿಗೆ ಬಿತ್ತಾ? 'ನದಿ ಘಾಟಿನ ಮೀನು ಮಾರ್ಕೆಟ್ ಮುಟ್ಟಬೇಡಿ ಅಂದಿದ್ವಿ. ಅರ್ಧ ಕೆಡವಿದ್ರಿ, ಅದಕ್ಕೆ ಶಿಕ್ಷೆ ಆಯ್ತು. ಇನ್ನು ಆ ಊರನ್ನ ದಿನಾ ಕಾಯ್ತಾ ಕೂರೋದು ಕೋರ್ಟಿನ ಕೆಲಸ ಅಲ್ಲ. ಈ ಪ್ರಕರಣ ಮುಗೀತು.' ಮುಗೀತು! ಉಳಿದರ್ಧಾನ ಯಾರಾದ್ರೂ ಮುಟ್ಟಿದ್ರೋ, ಮತ್ತೆ ಹೊಸ ಅರ್ಜಿ, ಹೊಸ ವಕೀಲ, ಹೊಸ ತಾರೀಖು. ಅದು ತೀರ್ಮಾನ ಆಗೋಷ್ಟರಲ್ಲಿ ನಾನು ಬೂದಿಯಾಗಿ ಗಂಗೇಲಿ... ಯಾಕೆ ಹಾಗೆ ದುರುಗುಟ್ಕೊಂಡು ನೋಡ್ತೀಯ? ಮಾತಿಗೆ ಹೇಳ್ದೆನಪ್ಪ!

ಆ ಫೋನ್ ಜೇಬಿಗೆ ಹಾಕು. ಕೋರ್ಟಿನೊಳಗೆ ಬೆಳಿಗ್ಗೆಯಿಂದ ಆಫ್ ಇತ್ತಲ್ಲ, ಇನ್ನೊಂದು ಗಳಿಗೆ ಇದ್ರೆ ನಿನ್ನ ಗಂಟೇನು ಹೋಗುತ್ತೆ? ಸಮೋಸ ತಿನ್ನು, ಬಿಸಿ ಇದೆ. ಕೈ ಯಾಕೆ ಹಿಡ್ಕೊಂಡೆನಾ? ಪ್ರೀತಿಗೆ! ಒಂದೇ ಊರೋರಲ್ವೇನಯ್ಯಾ? ಮಾರ್ಕೆಟ್ಟಲ್ಲಿ ನಿನ್ನ ಹೆಂಡ್ತಿ ಕೂರೋ ಕಟ್ಟೆಯಿಂದ್ಲೇ ನಾನು ಮೀನು ತರಿಸ್ತಿದ್ದಿದ್ದು, ಮಡಿ ಮಾಡೋ ನಮ್ಮಮ್ಮನಿಗೆ ಗೊತ್ತಾಗ್ದ ಹಾಗೆ. ಅವಳ ಬಾಯಿ ಮಾತ್ರ... ಅಬ್ಬಬ್ಬಾ! 'ದೂಬೆ ಬಾಬು, ಗಂಡಸಾದ್ರೆ ನನ್ನ ಕಟ್ಟೆ ಮುಟ್ಟಿ ನೋಡಿ' ಅಂದ್ಲಲ್ಲ, ಇಡೀ ಬಜಾರಿನ ಮುಂದೆ! ಯಾರು ಮರೀತಾರೆ ಅಂಥ ಮಾತನ್ನ?

ಅಗೋ, ಜಡ್ಜ್ ಸಾಹೇಬ್ರ ಕಾರೂ ಗೇಟು ದಾಟಿ ಹೋಯ್ತು. ಸರಿ. ಇವತ್ತಿಗೆ ಕೋರ್ಟು ಮುಗೀತು. ಈಗ ಫೋನ್ ಆನ್ ಮಾಡ್ಕೋ, ಹೋಗ್ಲಿ.

...ಯಾರು, ಹೆಂಡ್ತಿನಾ? ಯಾಕೆ ಅಷ್ಟು ಕಿರುಚ್ತಿದಾಳೆ, ನಂಗೂ ಕೇಳಿಸ್ತಿದೆ... ಅವಳ ಹಿಂದಿನ ಆ ಸದ್ದಾ? ಅದು... ಲಾರಿ ಇರ್ಬೇಕು. ಬುಲ್ಡೋಜರು ಯಾಕೆ ಬರುತ್ತೆ ಅಲ್ಲಿ? ನಾನೇನು ಹೇಳಿ ಕಳಿಸಿದ್ನಾ? ...ಏನು? ನೀನು ಬುಲ್ಡೋಜರು ಅನ್ಲೇ ಇಲ್ವಾ? ಹೌದು... ಅಂದಿದ್ದು ನಾನೇ.

ಬಿಂದೇಸರಿ... ಬೈಯಯ್ಯಾ. ಕಪಾಳಕ್ಕೆ ಬಾರಿಸು. ಹೀಗೆ ನೋಡ್ಬೇಡ! ನಂಗೇನೂ ಗೊತ್ತಿಲ್ಲ! ಇಡೀ ದಿನ ಎಲ್ಲಿದ್ದೆ ನಾನು? ಹೇಳು! ಜಡ್ಜ್ ಸಾಹೇಬ್ರ ಕಣ್ಣೆದುರಿಗೇ ಕೂತಿದ್ದೆ. ನೋಡಿದೀಯಲ್ಲ... ನೀನೇ ನಂಗೆ ಸಾಕ್ಷಿ!