ಲೋಬಾನದ ಹೊಗೆ

ಒಂದೂರಲ್ಲಿ ಒಬ್ಬ ಸಾಹುಕಾರ ಇದ್ದ. ಇರಲಿ, ಅವನು ಕಟ್ಟೆಯ ಮೇಲೆ ಪೇಪರ್ ಓದುತ್ತ ಕೂತಿರಲಿ. ನಮ್ಮ ಕಥೆ ಅವನ ಹೆಂಡತಿಯದು. ಹೆಸರು ಯಾಕೆ? ನಿಮ್ಮ ಮನೆಯಲ್ಲೂ ಅಂಥವರೊಬ್ಬರು ಇರುತ್ತಾರೆ, ಅವರನ್ನೇ ನೆನೆಸಿಕೊಳ್ಳಿ.

ಈ ತಾಯಿಯ ಮಗಳು ಚೊಚ್ಚಲ ಹೆರಿಗೆಗೆ ತವರಿಗೆ ಬಂದಿದ್ದಳು. ಗಂಡು ಕೂಸು ಹುಟ್ಟಿತು. ತಾಯಿ ಬಾಣಂತನಕ್ಕೆ ಏನೂ ಕಡಿಮೆ ಮಾಡಲಿಲ್ಲ, ನೋಡಿ. ಅಂಟಿನುಂಡೆ ಕಟ್ಟಿದಳು, ಅಳವಿ ಬೀಜದ ಪಾಯಸ ಕಾಸಿದಳು, ದಿನಾ ಎಣ್ಣೆ ತಿಕ್ಕಿ ಎರೆದಳು, ಎರೆದ ಮೇಲೆ ಲೋಬಾನದ ಹೊಗೆ ಕೊಟ್ಟಳು. ಕೈಗೆ ಬಿಡುವಿಲ್ಲ, ಬಾಯಿಗೂ ಬಿಡುವಿಲ್ಲ. ಬಾಣಂತಿಯನ್ನು ಯಾರು ಏನು ಕೇಳಿದರೂ ಉತ್ತರ ಕೊಡುವವಳು ಇವಳೇ.

ಮೂರನೆಯ ವಾರ ಆರೋಗ್ಯ ಕೇಂದ್ರದಿಂದ ನರ್ಸಬಾಯಿ ಬಂದಳು. ಕೂಸಿನ ತೂಕ ನೋಡಿದಳು. ಆಮೇಲೆ ಚೀಲದಿಂದ ಒಂದು ಹಾಳೆ ತೆಗೆದಳು.

"ಇದರಾಗ ಹತ್ತು ಪ್ರಶ್ನಿ ಅದಾವ್ರಿ. ಹಡದೋರ ಮನಸ್ಸು ಹೆಂಗೈತಿ ಅಂತ ತಿಳಕೊಳ್ಳಾಕ. ಬಾಣಂತಿನ ಹೇಳಬೇಕು."

"ಓದವ್ವಾ, ನಾ ಹೇಳ್ತೀನಿ," ಅಂದಳು ತಾಯಿ.

"ಈ ವಾರದಾಗ ನಗು ಬಂದೈತೇನ್ರಿ?"

"ಬರ್ದ ಏನ? ಗಂಡು ಕೂಸು ಹಡದಾಳ."

"ಸುಮ್ಮಸುಮ್ನ ಅಳು?"

ಮಗಳ ಕಣ್ಣು ಆಗಲೂ ಕೆಂಪಗಿತ್ತು. "ಅದು ಲೋಬಾನದ ಹೊಗಿ," ಅಂದಳು ತಾಯಿ.

ಹೀಗೇ ಒಂಬತ್ತಾದವು. ಹತ್ತನೆಯದು, ಜೀವ ಬೇಡ ಅನ್ನಿಸಿದೆಯಾ ಅಂತ. ತಾಯಿ ಕೈ ಅಡ್ಡ ಹಿಡಿದಳು. "ಬಾಣಂತಿ ಖೋಲ್ಯಾಗ ಅಂಥಾ ಮಾತು ಆಡಬಾರ್ದವ್ವ. ಮಡಚಿ ಇಡು." ನರ್ಸಬಾಯಿ ಮಡಚಿ ಇಟ್ಟಳು. ಮಗಳು ಗೋಡೆಯ ಕಡೆ ಹೊರಳಿ ಮಲಗಿದಳು.

ಆ ತಾಯಿಗೆ ಏನೂ ಗೊತ್ತಿರಲಿಲ್ಲವೇ? ಗೊತ್ತಿತ್ತು. ಮಗಳು ಉಂಡೆಯನ್ನು ಅರ್ಧಕ್ಕೇ ಬಿಡುವುದನ್ನು, ಕೂಸು ಅತ್ತರೂ ಸುಮ್ಮನೆ ನೋಡುತ್ತ ಕೂರುವುದನ್ನು ಕಂಡಿದ್ದಳು. ಆದರೆ ಹಾಳೆಯಲ್ಲಿ ಬರೆದದ್ದು ಬೀಗರ ಕಿವಿಗೆ ಬಿದ್ದರೆ? ತಲೆ ಕೆಟ್ಟವಳು ಅಂತ ಮಗಳನ್ನು ತವರಲ್ಲೇ ಬಿಟ್ಟರೆ? ಆ ಹೆದರಿಕೆಗೇ ಅಡ್ಡ ಬಾಯಿ ಹಾಕಿದಳು.

ಎಂಟು ದಿನ ಬಿಟ್ಟು ನರ್ಸಬಾಯಿ ಹೊಸ ಹಾಳೆ ಹಿಡಿದು ಬಂದಳು. "ಹಿಂದಿಂದು ಹರದ ಹಾಕೇನ್ರಿ ಅಕ್ಕಾರ. ಅದು ಬಾಣಂತಿ ಉತ್ತರ ಅಲ್ಲ, ನಿಮ್ದು. ಹಂಗಾರ ಇವತ್ತ ನಿಮ್ಮನ್ನ ಕೇಳ್ತೀನಿ. ನಿಮ್ಮ ಚೊಚ್ಚಲ ಬಾಣಂತನ ನೆನಸ್ಕೊರಿ."

"ಮುದುಕಿಗೇನ ಕೇಳ್ತಿ," ಅಂತ ತಾಯಿ ನಕ್ಕಳು. ಮೊದಲ ಪ್ರಶ್ನೆಗಳಿಗೆ ನಗುನಗುತ್ತಲೇ ಹೇಳಿದಳು.

"ಸುಮ್ಮಸುಮ್ನ ಅಳು ಬರ್ತಿತ್ತೇನ್ರಿ?"

"ಹೊಗಿಗೆ..." ಅಂದವಳು ಅಲ್ಲಿಗೇ ನಿಂತಳು. ಮೂವತ್ತು ವರ್ಷದ ಹಿಂದೆ ಬಚ್ಚಲಲ್ಲಿ ಕೂತು ಬಿಕ್ಕಿದ್ದು, ತನ್ನ ಅವ್ವ ಕೇಳಿದಾಗ ತಾನು ಹೊಗೆ ಅಂದದ್ದು, ಅವ್ವ ಊರಿಗೆಲ್ಲ ಹೊಗೆ ಅಂದದ್ದು, ಎಲ್ಲ ನೆನಪಾಯಿತು. ಮಗಳು ಈ ಕಡೆ ಹೊರಳಿ ಅವಳನ್ನೇ ನೋಡುತ್ತಿದ್ದಳು.

"ಹೊಗಿ ಅಲ್ಲವ್ವ ಅದು," ಅಂದಳು ತಾಯಿ. ಎದ್ದಳು. ಹೊರಗೆ ಬಂದು ಬಾಗಿಲು ಮುಂದೆ ಮಾಡಿದಳು.

ಹೊಸ್ತಿಲ ಆಚೆ ಕೂತಳು. ಕೂಸು ನೋಡಲು ಬಂದ ನೆರೆಮನೆಯವಳನ್ನು "ಈಗ ಬ್ಯಾಡ, ಸಂಜಿಮುಂದ ಬಾ" ಅಂತ ಕಳಿಸಿದಳು. ಒಳಗೆ ಮಗಳು ಅಳುವುದು ಕೇಳಿಸಿತು. ಎದ್ದು ಚಿಲಕಕ್ಕೆ ಕೈ ಹಾಕಿದಳು, ಮತ್ತೆ ಕೈ ಹಿಂದಕ್ಕೆ ತೆಗೆದುಕೊಂಡಳು. ಮೊದಲ ಸಲ ಹತ್ತು ಪ್ರಶ್ನೆಗೆ ಐದು ನಿಮಿಷ ಸಾಕಾಗಿತ್ತು. ಈ ಸಲ ಒಂದು ತಾಸು ಹಿಡಿಯಿತು.

ನರ್ಸಬಾಯಿ ಬಾಗಿಲು ತೆರೆದಳು. "ನಿಮಗ ಹೇಳು ಅಂದಾಳ, ಅದಕ್ಕ ಹೇಳ್ತೀನ್ರಿ. ಹತ್ತನೇದಕ್ಕ ಹೌದು ಅಂದಾಳ. ಒಬ್ಬಾಕಿನ್ನ ಬಿಡಬ್ಯಾಡ್ರಿ. ಈಗ ದವಾಖಾನಿಗೆ ಹೋಗೂಣು, ನಾನೂ ಬರ್ತೀನಿ. ವಾಸಿ ಆಗೂ ಜಡ್ಡು ಇದು."

"ಬೀಗರಿಗೆ ಏನ ಹೇಳ್ಲಿ?"

"ಜ್ವರ ಬಂದಿದ್ರ ಏನ ಹೇಳ್ತಿದ್ರಿ?"

ತಾಯಿ ಹೊರಗೆ ನಡೆದಳು. ಕಟ್ಟೆಯ ಮೇಲಿದ್ದ ಸಾಹುಕಾರನಿಗೆ, "ಪೇಪರ್ ಇಡ್ರಿ, ಗಾಡಿ ತೆಗೀರಿ" ಅಂದಳು. ಅವತ್ತೇ ಚಿಕಿತ್ಸೆ ಶುರುವಾಯಿತು. ಕೂಸಿಗೆ ಹಲ್ಲು ಬರುವ ಹೊತ್ತಿಗೆ ಮಗಳು ಇಡೀ ಉಂಡೆ ತಿಂದು, ಬೆಲ್ಲ ಕಡಿಮೆ ಆಗಿದೆ ಅಂತ ಅವ್ವನ ಜೊತೆ ಜಗಳ ತೆಗೆದಳು.

ಈಗ ನಿಮ್ಮ ಕಡೆ ಬರೋಣ. ಆ ತಾಯಿಗೆ ಪ್ರೀತಿ ಕಡಿಮೆ ಇತ್ತೇ? ತುಪ್ಪ ಕಡಿಮೆ ಇತ್ತೇ? ಆದರೂ ಮಗಳು ಕೈತಪ್ಪಿ ಹೋಗುವುದರಲ್ಲಿದ್ದಳು. ಯಾಕೆ? ಮಗಳು ಹೇಳಬೇಕಾದ ಮಾತನ್ನು ಅವ್ವ ಹೇಳಿದ್ದಕ್ಕೆ. ಇಲ್ಲಿ ಕೂತಿರುವ ಹಿರಿಯ ತಾಯಂದಿರೇ, ನಿಮ್ಮಲ್ಲಿ ಎಷ್ಟು ಜನ ಹೊಗೆ ಅಂದಿದ್ದೀರಿ? ಕೈ ಎತ್ತಬೇಡಿ, ನಿಮಗೆ ನೆನಪಾದರೆ ಸಾಕು.

ನಾಳೆ ನಿಮ್ಮ ಮನೆಗೂ ಹಾಳೆ ಹಿಡಿದು ಒಬ್ಬಳು ಬರುತ್ತಾಳೆ. ಅವಳಿಗೆ ಚಹಾ ಕೊಡಿ, ಎದ್ದು ಹೊರಗೆ ಬನ್ನಿ, ಬಾಗಿಲು ಮುಂದೆ ಮಾಡಿ. ಅತ್ತೆಯೂ ಬನ್ನಿ, ಅವ್ವನೂ ಬನ್ನಿ, ಗಂಡನೂ ಬಾರಪ್ಪ. ಒಳಗಿನವಳು ಏನು ಹೇಳಿದರೂ ಮುನಿಯಬೇಡಿ, ಊರಿಗೆ ಸಾರಬೇಡಿ, ವೈದ್ಯರ ಹತ್ತಿರ ಕರೆದುಕೊಂಡು ಹೋಗಿ. ಲೋಬಾನ ಹಾಕುವುದನ್ನು ಬಿಡಿ ಅಂತ ನಾನು ಹೇಳುವುದಿಲ್ಲ. ಹೊಗೆ ಆರಿದ ಮೇಲೂ ಅವಳ ಕಣ್ಣು ಕೆಂಪಗೇ ಇದೆಯಾ, ಅದನ್ನು ನೋಡಿ.