ಮುದುಕಿ ಒಪ್ಪದ ಮಾತು

ಇಸ್ತಾಂಬುಲ್‌ನ ದೋಣಿಕಟ್ಟೆಯ ಸಾಲಿನಲ್ಲಿ ನಿಂತಿದ್ದ ದರ್ಜಿ ನಾಝಿಫ್, ಮುಂದಿದ್ದ ಇಬ್ಬರು ಹೆಂಗಸರ ಮಾತಿಗೆ ಕಿವಿಗೊಟ್ಟ.

"ನಟ ಫಾಯಿಕ್ ಅವರ ಮಣ್ಣಿಗೆ ಹೋಗಿದ್ಯೇನಕ್ಕಾ?"

"ಹೋಗಿದ್ದೆ ಕಣೇ. ಮೂಕಿಚಿತ್ರದ ಕಾಲದಿಂದ್ಲೂ ಬರೀ ಖಳನ ಪಾತ್ರ ಪಾಪ. ಇಮಾಮರು 'ಇವರು ಎಂಥವರಾಗಿದ್ರು?' ಅಂತ ಕೇಳಿದ್ರು."

"'ಒಳ್ಳೆಯವರು' ಅಂದಿರ್ತಾರೆ ಎಲ್ರೂ. ಪದ್ಧತಿ ಅಲ್ವಾ?"

"ಅದಕ್ಕೂ ಮುಂಚೆ ಒಬ್ಬ ಮುದುಕಿ 'ಪಾಪಿ! ಆ ಅನಾಥ ಹುಡುಗೀನ ಹಿಮಕ್ಕೆ ನೂಕಿದ!' ಅಂತ ಕೂಗಿಬಿಟ್ಲು."

"ಅಯ್ಯೋ, ಅದು ಸಿನಿಮಾದಲ್ಲಿ!"

"ಹೂಂ ಮತ್ತೆ!"

"ಫಾಯಿಕ್ ಅವರ ಹೆಂಡತಿ ಏನಂದ್ರು?"

"ಓಡಿ ಬಂದು ಮುದುಕಿ ಕೈಗೆ ಮುತ್ತಿಟ್ಟು ಹಣೆಗೆ ಒತ್ಕೊಂಡ್ರು. 'ಅವರು ಇದನ್ನ ಕೇಳಿಸ್ಕೋಬೇಕಿತ್ತು' ಅಂದ್ರು."

"ಆಮೇಲೆ?"

"ಎಲ್ರೂ 'ಒಳ್ಳೆಯವರು' ಅಂದ್ವಿ. ಮುದುಕಿ ಮಾತ್ರ ಒಪ್ಲೇ ಇಲ್ಲ ನೋಡು!"

ಹೆಂಗಸರು ದೋಣಿ ಹತ್ತಿದರು. ತನ್ನ ಸರದಿ ಬಂದರೂ ನಾಝಿಫ್, ತಾನು ಸತ್ತಾಗ ತನ್ನ ಹೊಲಿಗೆಯನ್ನು ಹೀಗೆ ನೆನೆದು ಯಾರು ಕೂಗಿಯಾರು ಎಂದು ಯೋಚಿಸುತ್ತ ನಿಂತೇ ಇದ್ದ.